ಎಡಕ್ಕೆ ಬಂದ ರಾಣಿ: ಹಳೇ ಫುಟೇಜ್ ತರಿಸಿದ ನನ್ನ ಅನುಭವ

ಶರಾವತಿ ಮುಳುಗಡೆ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆವು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿಯಿತು. ಅದಕ್ಕೂ ಮುಂಚಿನ ಜೋಗ ಹೇಗಿತ್ತು ಅಂತ ತೋರಿಸಬೇಕಿತ್ತು. ಫುಟೇಜ್ ಹುಡುಕುವ ಕೆಲಸ ನನ್ನದು.

ಆರ್ಕೈವ್‌ಗಳ ಕ್ಯಾಟಲಾಗ್‌ನಲ್ಲಿ ‘ಜೋಗ್’ ಅಂತ ಹಾಕಿದರೆ ಏನೂ ಬರಲಿಲ್ಲ. ಇಂಗ್ಲಿಷಿನವರು ಅದನ್ನು ‘ಗೇರುಸೊಪ್ಪ ಫಾಲ್ಸ್’ ಅಂತಿದ್ದರು ಅನ್ನೋದು ಆಮೇಲೆ ನೆನಪಾಯಿತು. ಆ ಹೆಸರಿಗೆ ವಿದೇಶದ ಒಂದು ಆರ್ಕೈವ್‌ನಲ್ಲಿ 16 ಎಂಎಂ ರೀಲು ಸಿಕ್ಕಿತು. ಯಾರೋ ಪ್ರವಾಸಿ ಮನೆಯವರಿಗೆ ತೋರಿಸಲು ತೆಗೆದದ್ದು, ಸದ್ದಿಲ್ಲದ್ದು. ಈಗ ನಾನು ಸೆರಿಂಗಪಟಂ, ಮರ್ಕಾರಾ ಅಂತ ಹಳೇ ಹೆಸರುಗಳನ್ನು ಬರೆದಿಟ್ಟುಕೊಂಡೇ ಹುಡುಕಲು ಕೂರುತ್ತೇನೆ.

ಮೊದಲು ಅವರು ಕಳಿಸುವುದು ಸ್ಕ್ರೀನರ್, ಅಂದರೆ ನೋಡಿ ಆರಿಸಲು ಕೊಡುವ ನಕಲು. ಚಿತ್ರದ ಮೇಲೆ ವಾಟರ್‌ಮಾರ್ಕ್, ಕೆಳಗೆ ಓಡುವ ಟೈಮ್‌ಕೋಡ್ (ಯಾವ ಕ್ಷಣದ ಚಿತ್ರ ಅಂತ ತೋರಿಸುವ ಅಂಕಿಗಳು). ಅದರಲ್ಲೇ ಎಡಿಟ್ ಮಾಡಿ, ಯಾವ ಭಾಗ ಬೇಕು ಅಂತ ಗಟ್ಟಿಯಾದ ಮೇಲೆ ದುಡ್ಡು ಕಟ್ಟಿ ಮಾಸ್ಟರ್, ಅಂದರೆ ವಾಟರ್‌ಮಾರ್ಕ್ ಇಲ್ಲದ ಒಳ್ಳೇ ಪ್ರತಿ, ತರಿಸುವುದು.

ನಮ್ಮ ಕ್ಯಾಮೆರಾ ಸಹಾಯಕ ಸಾಗರದ ಹುಡುಗ. ಸ್ಕ್ರೀನರ್ ನೋಡಿದವನೇ, “ಅಕ್ಕಾ, ರಾಣಿ ಎಡಗಡೆ ಹೆಂಗೆ ಬಂದ್ಲು?” ಅಂದ. ಅಲ್ಲೇ ನಿಲ್ಲಿಸಿ ನೋಡಿದೆ. ಎದುರು ನಿಂತವರಿಗೆ ಜೋಗದ ನಾಲ್ಕು ಧಾರೆ ಎಡದಿಂದ ಕಾಣುವುದು ಹೀಗೆ: ರಾಜ, ರೋರರ್, ರಾಕೆಟ್, ಕೊನೆಗೆ ರಾಣಿ. ಇಲ್ಲಿ ಪೂರ್ತಿ ಉಲ್ಟಾ. ಹಾಗೇ ಹೋಗಿದ್ದರೆ ಮಲೆನಾಡಿನ ಒಬ್ಬರೂ ನಮ್ಮ ಚಿತ್ರ ನಂಬುತ್ತಿರಲಿಲ್ಲ.

ಆರ್ಕೈವ್‌ಗೆ ಬರೆದೆ. ಅಲ್ಲಿನ ಹೆಂಗಸು ಡಬ್ಬಿ ತೆಗೆದು ರೀಲನ್ನೇ ನೋಡಿದರು. ಸ್ಕ್ಯಾನ್ ಮಾಡುವಾಗ ಫಿಲ್ಮಿನ ಮಗ್ಗುಲು ತಿರುವುಮುರುವಾಗಿತ್ತು. ಬೇರೆ ಕಾಸು ಕೇಳದೆ ಮತ್ತೆ ಸ್ಕ್ಯಾನ್ ಮಾಡಿಕೊಟ್ಟರು. ಕೊಡ್ಯಾಕ್ ಫಿಲ್ಮಿನ ಅಂಚಿನಲ್ಲಿ ಅದು ತಯಾರಾದ ವರ್ಷದ ಗುರುತು ಇರುತ್ತದೆ, ಇದರಲ್ಲಿ ಒಂದೇ ಒಂದು ಗುಂಡು ಚುಕ್ಕಿ ಇದೆ ಅಂತಲೂ ಬರೆದರು. ಆ ಗುರುತು 20 ವರ್ಷಕ್ಕೊಮ್ಮೆ ಮರಳಿ ಬರುತ್ತದೆ: 1916, 1936, 1956. 16 ಎಂಎಂ ಬಂದದ್ದೇ 1923ರಲ್ಲಿ, ಹಾಗಾಗಿ ಮೊದಲನೆಯದು ಬಿಟ್ಟುಹೋಯಿತು. ರೀಲಿನ ಕೊನೆಯಲ್ಲಿ ಜೋಗದ ವಿದ್ಯುದಾಗಾರದ ಪೈಪುಗಳು ಕಾಣುತ್ತವೆ. ಅದು ಶುರುವಾದದ್ದು 1948ರಲ್ಲಿ. ಅಲ್ಲಿಗೆ 1956 ಅಥವಾ ಅದರಾಚೆ ಅಂತ ಖಾತ್ರಿಯಾಯಿತು. ಸುಮ್ನೆ ಫೈಲ್ ಮಾರುವವರಿಂದ ಇದು ಸಿಗುತ್ತಿತ್ತಾ?

ವೇಗದ ಬಗ್ಗೆಯೂ ಅವರೇ ಎಚ್ಚರಿಸಿದರು. ಸೆಕೆಂಡಿಗೆ 16 ಫ್ರೇಮಿನಲ್ಲಿ ತೆಗೆದದ್ದನ್ನು 25ರಲ್ಲಿ ಓಡಿಸಿದರೆ ಜನ ಕೀಲಿ ಕೊಟ್ಟ ಗೊಂಬೆಗಳಾಗುತ್ತಾರೆ. ಅಷ್ಟು ಎತ್ತರದಿಂದ ಬೀಳುವ ನೀರಿಗೂ ಭಾರವೇ ಇಲ್ಲ ಅನ್ನಿಸುತ್ತದೆ.

ಬಳಸಿದ್ದು 38 ಸೆಕೆಂಡ್. ದರ ಸೆಕೆಂಡಿನ ಲೆಕ್ಕದಲ್ಲಿ. ಯಾವ ದೇಶ, ಎಷ್ಟು ವರ್ಷ, ಚಿತ್ರೋತ್ಸವವೋ ಟಿವಿಯೋ ಅನ್ನೋದರ ಮೇಲೆ ಬದಲಾಗುತ್ತದೆ. ನಾವು ಚಿತ್ರೋತ್ಸವಕ್ಕಷ್ಟೇ ತಗೊಂಡು, ಮುಂದೆ ಟಿವಿಗೆ ಎಷ್ಟು ಅಂತ ಆಗಲೇ ಬರೆಸಿಕೊಂಡೆವು. ಟಿವಿಗೆ ಮಾರಿದ ಮೇಲೆ ಕೇಳಿದರೆ ಚೌಕಾಸಿಗೆ ಜಾಗವೇ ಇರುವುದಿಲ್ಲ.

ಕೊನೆಯ ಪತ್ರದಲ್ಲಿ, ಕ್ಯಾಟಲಾಗ್‌ಗೆ ‘ಜೋಗ್’ ಅಂತಲೂ ಸೇರಿಸಿ ಅಂತ ಕೇಳಿಕೊಂಡಿದ್ದೆ. ಮೊನ್ನೆ ಹುಡುಕಿದೆ. ಮೊದಲಿಗೇ ಬಂತು, ರಾಣಿ ಬಲಗಡೆ ಇದ್ದಾಳೆ.