ಕ್ಯಾಮೆರಾ ಮುಂದೂ ನೀವ, ಹಿಂದೂ ನೀವ ಇದ್ರ

ನಾನು ಬಾಗಲಕೋಟಿ ಜಿಲ್ಲಾದ ಗುಳೇದಗುಡ್ಡದಾಂವ. ಧಾರಾವಾಹಿಯೊಳಗ ಪೊಲೀಸ್, ಕಾಂಪೌಂಡರ್, ಹೀರೋನ ಸೋದರಮಾವ, ಹಿಂಗ ಸಿಕ್ಕ ವೇಷ ಹಾಕ್ತೀನಿ. ಊರಿಗೆ ಬಂದಾಗ ನಂದ ಕಿರುಚಿತ್ರ. ಬರಿಯಾಂವ, ನಟಿಸಾಂವ, ನಿರ್ದೇಶಕ ಎಲ್ಲಾ ನಾನ. ಬೆಂಗಳೂರಿನ ಸೆಟ್ಟಿನ್ಯಾಗ ನಮ್ಮ ಕಡೆ ಮಾತು ಅಂದ್ರ ನಗಸೂ ಪಾತ್ರಕ್ಕಷ್ಟ. ಅಳೂ ಪಾತ್ರ ಬೇಕಂದ್ರ ನಾವ ಬರಕೋಬೇಕು. ಇಳಕಲ್ಲ, ಜಮಖಂಡಿ ಕಡೆ ಹುಡುಗರು ಇದನ್ನ ಹ್ಯಾಂಗ ಮಾಡೂದು ಅಂತ ಕೇಳ್ತಿರ್ತಾರ, ಅದಕ್ಕ ಬರದೇನಿ.

ಮೊದಲನೇ ಸಲಕ್ಕ ಮೂರೂ ಹೊರಬ್ಯಾಡ್ರಿ. ಗಿರೀಶ ಕಾರ್ನಾಡರು 1970ರ ‘ಸಂಸ್ಕಾರ’ಕ್ಕ ಚಿತ್ರಕಥೆ ಬರದು ಮುಖ್ಯ ಪಾತ್ರ ಮಾಡಿದ್ರು, ನಿರ್ದೇಶನ ಪಟ್ಟಾಭಿರಾಮ ರೆಡ್ಡಿ ಅವರದು. ಮುಂದ ‘ವಂಶವೃಕ್ಷ’ಕ್ಕ ಬಿ.ವಿ. ಕಾರಂತರ ಜೋಡಿ ಕೂಡಿ ನಿರ್ದೇಶನ. ಕಥಾಚಿತ್ರ ಒಬ್ಬರ ನಿಂತು ಮಾಡಿದ್ದು 1973ರ ‘ಕಾಡು’. ಉಪೇಂದ್ರ ಸೈತ ‘ತರ್ಲೆ ನನ್ಮಗ’, ‘ಓಂ’ ಅಂತ ಬೇರೆಯವರನ್ನ ನಾಯಕ ಮಾಡಿ ಪಳಗಿ, 1998ಕ್ಕ ‘ಎ’ಗೆ ತಾವ ನಾಯಕ ಆದ್ರು. ರಾಜ್ ಬಿ. ಶೆಟ್ಟಿ 2017ರಾಗ ಮೊದಲ ಸಿನಿಮಾಕ್ಕ ಮೂರೂ ಮಾಡಿ ಗೆದ್ರಲ್ಲ ಅಂತೀರಿ. ಗೆದ್ರು ಖರೆ, ಆದ್ರ ಅವರನ್ನ ನೋಡಿ ಸಾಲಾ ತೆಗೀಬ್ಯಾಡ್ರಿ.

ಈಗ ಮೂರೂ ಹೊತ್ತಾಗಿನ ಅಸಲಿ ತ್ರಾಸು. ಬರದಾಂವ ನಟಿಸಾಕ ನಿಂತ್ರ ಎದುರಿನವರ ಮಾತಿಗೆ ಅವನ ತುಟಿ ಅಲ್ಲಾಡ್ತಾವ. ಕ್ಲೋಸಪ್‌ನ್ಯಾಗ ಇದು ಎದ್ದು ಕಾಣ್ತೈತಿ. ಇದಕ್ಕ ಕಂಪನಿ ನಾಟಕದವರ ‘ಪಾರ್ಟು ಬರಕೊಳ್ಳೂದು’ ಛಲೋ ಮದ್ದು. ನಿಮ್ಮ ಮಾತು, ಅದಕ್ಕ ಮುಂಚಿನ ಎದುರಿನವರ ಕಡೀ ಎರಡು ಪದ, ಇಷ್ಟ ಬ್ಯಾರೆ ಹಾಳಿಗೆ ಇಳಿಸ್ರಿ. ಪೂರ್ತಿ ಸ್ಕ್ರಿಪ್ಟ್ ಸಹಾಯಕನ ಕೈಗೆ ಕೊಟ್ಟು ಬಿಡ್ರಿ, ಶೂಟಿಂಗ್ ಮುಗಿಯೂತನಕ ಕೇಳಬ್ಯಾಡ್ರಿ.

ಎರಡನೇದು, ನಿರ್ದೇಶಕನ ಕಣ್ಣು. ಎದುರಿನ ಹುಡುಗಿ ಅಳಾಕತ್ತಾಳ, ನೀವು ಅಣ್ಣನಾಗಿ ನೋಡೂ ಬದಲಿ ಟೇಕ್ ಓಕೆನೋ ಇಲ್ಲೋ ಅಂತ ನೋಡ್ತೀರಿ. ಕ್ಯಾಮೆರಾಕ್ಕ ಆ ನೋಟ ಗೊತ್ತಾಗ್ತೈತಿ. ಹಂಗಾಗಿ ಮಾನಿಟರ್ ಮುಂದ ನಿಮಗ ‘ಸರಿ ಆಗಲಿಲ್ಲ’ ಅಂತ ಮುಖದ ಮ್ಯಾಲ ಅನ್ನಾಂವ ಒಬ್ಬಾಂವ ಕೂಡ್ರಬೇಕು. ಗೆಳೆಯ ಬ್ಯಾಡ, ಅಂವ ಎಲ್ಲಾದಕ್ಕೂ ‘ಮಸ್ತ್’ ಅಂತಾನ. ಬಾದಾಮಿ ಹತ್ತರದ ಬನಶಂಕರಿ ಜಾತ್ರಿಗೆ ನಾಟಕ ಕಂಪನಿಗಳು ಬಂದು ಕ್ಯಾಂಪ್ ಹಾಕ್ತಾವಲ್ಲ, ಅಲ್ಲಿ ದುಡಿದ ಹಿರಿಯ ಕಲಾವಿದರು ಊರಾಗ ಇದ್ರ ಕೈ ಮುಗಿದು ಕರೀರಿ. ಸುಳ್ಳು ಅಳು ಅವರಿಗೆ ಬೆನ್ನು ಮಾಡಿ ಕುಂತರೂ ತಿಳೀತೈತಿ. ದನಿ ವಿಷಯಕ್ಕ ಮಾತ್ರ ಅವರ ಮಾತು ಕೇಳಬ್ಯಾಡ್ರಿ. ಅವರು ಕಡೀ ಸಾಲಿಗೆ ಮುಟ್ಟಲಿ ಅಂತಾರ, ನಿಮ್ಮ ಮೈಕ್ ಅಂಗಿಯೊಳಗ ಐತಿ.

ಫ್ರೇಮ್ ಇಡೂವಾಗ ನಿಮ್ಮಷ್ಟ ಎತ್ತರದಾಂವನ್ನ ನಿಲ್ಲಿಸಿ, ಲೈಟು ನೋಡಿ, ಕಾಲಿನ ಜಾಗಕ್ಕ ಸುಣ್ಣದ ಗೆರಿ ಎಳೀರಿ. ಆಮ್ಯಾಲ ನೀವು ಹೋಗಿ ನಿಲ್ರಿ. ಪ್ರತಿ ಟೇಕಿಗೂ ಮಾನಿಟರ್‌ಗೆ ಓಡಬ್ಯಾಡ್ರಿ. ನಿಮ್ಮ ಕ್ಲೋಸಪ್ ಮೊದಲ ತಗೀರಿ. ಸಂಜಿಕ್ಕ ಇಟಗೊಂಡ್ರ ಬೆಳಕು ಹೋತು ಅಂತ ನಿಮ್ಮೊಳಗಿನ ನಿರ್ದೇಶಕ ನಿಮ್ಮೊಳಗಿನ ನಟನ್ನ ಒಂದ ಟೇಕಿನ್ಯಾಗ ಸಾಗ ಹಾಕ್ತಾನ.

ಜಾಗ ಅಂದ್ರ ಎಲ್ಲಾರೂ ಬಾದಾಮಿ ಗುಹೆ, ಪಟ್ಟದಕಲ್ಲು ಅಂತಾರ. ಅವು ಪುರಾತತ್ವ ಇಲಾಖೆ ಸ್ಮಾರಕ, ಶೂಟಿಂಗಿಗೆ ಮೊದಲ ಅನುಮತಿ ಬೇಕು. ಮೊದಲ ಸಿನಿಮಾಕ್ಕ ನಮ್ಮ ಖಣ ನೇಯೂ ಮನಿ ಸಾಕು. ಮಾತಿನ ಸೀನಿಗೆ ಮಗ್ಗ ನಿಲ್ಲಿಸ್ರಿ, ಮುಗಿದ ಮ್ಯಾಲ ಮಗ್ಗದ ಸಪ್ಪಳ ಬ್ಯಾರೆ ರೆಕಾರ್ಡ್ ಮಾಡಿ ಎಡಿಟಿಂಗ್‌ನ್ಯಾಗ ಕೂಡಸ್ರಿ. ಮಗ್ಗ ನಿಂತಷ್ಟು ಹೊತ್ತು ನೇಕಾರರ ಕೂಲಿ ನಿಂತಂಗ, ಆ ರೊಕ್ಕ ಬಜೆಟ್‌ನ್ಯಾಗ ಬರೀರಿ.

ಮೊದಲ ಕಟ್ ಎಡಿಟರ್ ಒಬ್ಬನ ಮಾಡಲಿ, ನೀವು ಬಾಜೂಕ ಕೂಡ್ರಬ್ಯಾಡ್ರಿ. ನಿಮ್ಮ ಮುಖದ ಶಾಟ್ ಎಷ್ಟು ಉಳಿಸ್ಯಾನ ಅಂತ ಆಮ್ಯಾಲ ನೋಡ್ರಿ. ಥಿಯೇಟರಿಗೆ ಹಾಕೂದಿದ್ರ ಸೆನ್ಸಾರ್ ಪ್ರಮಾಣಪತ್ರ ಬೇಕು, ಯೂಟ್ಯೂಬಿಗೆ ಬ್ಯಾಡ.