ಅಮೆರಿಕದ ಹೈಸ್ಕೂಲ್ ಜಿಪಿಎ: ಲೆಕ್ಕ ಹಾಕೋದು ಹೇಗೆ, ಬಂದ ನಂಬರ್‌ನ ಓದೋದು ಹೇಗೆ

ಎಸ್ಸೆಸ್ಸೆಲ್ಸಿಲಿ 625ಕ್ಕೆ ಎಷ್ಟು ಬಂತು ಅಂತ ಕೇಳಿ ಕೇಳಿ ಬೆಳೆದವರು ನಾವು, 580 ಅಂದ್ರೆ ಬೀದರ್‌ನಲ್ಲಿ ಹೇಳಿದ್ರೂ ಚಾಮರಾಜನಗರದಲ್ಲಿ ಹೇಳಿದ್ರೂ ಅದೇ ಅರ್ಥ. ಇಲ್ಲಿ ಅಮೆರಿಕದಲ್ಲಿ ಹಾಗಲ್ಲ, ಇಲ್ಲಿ ಕೇಳೋದು ಜಿಪಿಎ, ಅಂದ್ರೆ ಎಲ್ಲಾ ಕೋರ್ಸಿನ ಗ್ರೇಡ್‌ಗಳ ಸರಾಸರಿ (ಗ್ರೇಡ್ ಪಾಯಿಂಟ್ ಆವರೇಜ್). ಪಕ್ಕದ ಸ್ಕೂಲ್ ಡಿಸ್ಟ್ರಿಕ್ಟ್‌ನ ಹುಡುಗನ 4.3 ನಿಮ್ಮ ಮಗಳ 3.8ಗಿಂತ ಜಾಸ್ತಿನೇ ಅಂತ ಹೇಳೋಕೇ ಬರಲ್ಲ, ಯಾಕಂದ್ರೆ ಆ ಎರಡು ನಂಬರ್ ಎರಡು ಬೇರೆ ಅಳತೆಗೋಲಲ್ಲಿ ಅಳೆದಿದ್ದು. ಹಾಗಾಗಿ ಯಾರಾದ್ರೂ ಜಿಪಿಎ ಹೇಳಿದ್ರೆ ಮೊದಲು ಕೇಳ್ಬೇಕಾದ್ದು "ವೇಯ್ಟೆಡ್ಡಾ ಅನ್‌ವೇಯ್ಟೆಡ್ಡಾ, ಎಷ್ಟರ ಸ್ಕೇಲು". ವೇಯ್ಟೆಡ್ ಅಂದ್ರೆ ಕಷ್ಟದ ಕೋರ್ಸಿಗೆ ಬೋನಸ್ ಸೇರಿಸಿದ್ದು, ಅನ್‌ವೇಯ್ಟೆಡ್ ಅಂದ್ರೆ ಸೇರಿಸದೇ ಇರೋದು. ಇದು ಗೊತ್ತಿಲ್ದೆ ಹೊಟ್ಟೆ ಉರ್ಕೊಳೋದೂ ಬೇಡ, ಬೀಗೋದೂ ಬೇಡ.

ಇನ್ನೊಂದು ಮಾತು ಮೊದ್ಲೇ ಹೇಳ್ಬಿಡ್ತೀನಿ, ಸಿಬಿಎಸ್‌ಇ ಕಾಲದ 9.5ರಿಂದ ಗುಣಿಸಿ ಪರ್ಸೆಂಟ್ ಮಾಡೋ ಸೂತ್ರ ಇಲ್ಲಿ ನಡೆಯಲ್ಲ. 3.6 ಅಂದ್ರೆ 4ಕ್ಕೆ 3.6, ಅಂದ್ರೆ 90 ಪರ್ಸೆಂಟ್ ಅಂತ ಊರಿಗೆ ಫೋನ್ ಮಾಡಿ ಹೇಳೋರಿದ್ದಾರೆ, ಅದೂ ತಪ್ಪು. ಜಿಪಿಎ ಬರೋದು ಪರ್ಸೆಂಟ್‌ನಿಂದ ನೇರವಾಗಿ ಅಲ್ಲ, ಮಧ್ಯದಲ್ಲಿ ಲೆಟರ್ ಗ್ರೇಡ್ ಇದೆ, ಆಟವೆಲ್ಲ ಅಲ್ಲೇ ಇರೋದು.

ಮೊದಲು ಪರ್ಸೆಂಟ್ ಲೆಟರ್ ಆಗತ್ತೆ. ತುಂಬಾ ಕಡೆ 90ರಿಂದ 100 ಎ, 80ರಿಂದ 89 ಬಿ, 70ರಿಂದ 79 ಸಿ, 60ರಿಂದ 69 ಡಿ, ಅದರ ಕೆಳಗೆ ಎಫ್. ಕೆಲವು ಸ್ಕೂಲಲ್ಲಿ 93ರ ಮೇಲೆ ಇದ್ರೆ ಮಾತ್ರ ಎ, 90ರಿಂದ 92 ಎ ಮೈನಸ್. ಆಮೇಲೆ ಲೆಟರ್‌ಗೆ ಪಾಯಿಂಟು: ಎ ಗೆ 4, ಬಿ ಗೆ 3, ಸಿ ಗೆ 2, ಡಿ ಗೆ 1, ಎಫ್‌ಗೆ ಸೊನ್ನೆ. ಪ್ಲಸ್ ಮೈನಸ್ ಲೆಕ್ಕಕ್ಕೆ ತಗೊಳೋ ಸ್ಕೂಲಾದ್ರೆ ಎ ಮೈನಸ್ 3.7, ಬಿ ಪ್ಲಸ್ 3.3, ಬಿ ಮೈನಸ್ 2.7, ಹೀಗೆ ಇಳೀತಾ ಹೋಗತ್ತೆ. ಎ ಪ್ಲಸ್‌ಗೆ ಹೆಚ್ಚಿನ ಕಡೆ 4.0ನೇ, ಎಲ್ಲೋ ಕೆಲವು ಕಡೆ 4.3 ಕೊಡ್ತಾರೆ.

ನಮ್ಮವರಿಗೆ ಒಗ್ಗೋದೇ ಇಲ್ಲ ಅನ್ನೋ ವಿಷಯ ಇದು. ಪ್ಲಸ್ ಮೈನಸ್ ಇಲ್ಲದ ಸ್ಕೂಲಲ್ಲಿ 90 ತಗೊಂಡವನಿಗೂ 4.0, 100 ತಗೊಂಡವನಿಗೂ 4.0. ಹತ್ತು ಮಾರ್ಕ್ಸ್ ಗಾಳಿಗೆ! ಆದ್ರೆ 89 ಮತ್ತು 90ರ ನಡುವೆ ಪೂರ್ತಿ ಒಂದು ಪಾಯಿಂಟ್ ವ್ಯತ್ಯಾಸ. ಅಂದ್ರೆ ಸೆಮಿಸ್ಟರ್ ಕೊನೇಲಿ ಹಿಸ್ಟರಿ 88ರಲ್ಲೂ ಮ್ಯಾಥ್ಸ್ 96ರಲ್ಲೂ ಇದ್ರೆ ಆ ವಾರದ ಸಂಜೆಗಳೆಲ್ಲ ಹಿಸ್ಟರಿಗೆ ಹೋಗ್ಬೇಕು, ಮ್ಯಾಥ್ಸ್ 99 ಮಾಡೋಕಲ್ಲ. 89.5 ಬಂದ್ರೆ 90 ಅಂತ ಮಾಡ್ತಾರಾ ಇಲ್ವಾ ಅನ್ನೋದು ಸ್ಕೂಲ್ ಮೇಲೆ, ಕೆಲವೊಮ್ಮೆ ಟೀಚರ್ ಮೇಲೆ, ಕೋರ್ಸ್ ಶುರುವಲ್ಲಿ ಕೊಡೋ ಸಿಲಬಸ್ ಹಾಳೇಲಿ ಬರೆದಿರತ್ತೆ, ಅದನ್ನ ಓದಿ.

ಈಗ ಕ್ರೆಡಿಟ್. ವರ್ಷ ಪೂರ್ತಿ ನಡೆಯೋ ಕೋರ್ಸಿಗೆ ಸಾಮಾನ್ಯವಾಗಿ 1 ಕ್ರೆಡಿಟ್, ಒಂದೇ ಸೆಮಿಸ್ಟರಿನದಕ್ಕೆ ಅರ್ಧ. ಕ್ಯಾಲಿಫೋರ್ನಿಯಾದ ಸ್ಕೂಲುಗಳಲ್ಲಿ ಸೆಮಿಸ್ಟರಿಗೆ 5, ವರ್ಷಕ್ಕೆ 10 ಅಂತ ಇರೋದು ಜಾಸ್ತಿ, ಅದನ್ನ ನೋಡಿ ಗಾಬರಿ ಬೇಡ, ಮೇಲೂ ಕೆಳಗೂ ಅದೇ ನಂಬರ್ ಬರೋದ್ರಿಂದ ಉತ್ತರ ಬದಲಾಗಲ್ಲ. ಸೂತ್ರ ಇಷ್ಟೇ: ಪ್ರತಿ ಕೋರ್ಸಿನ ಪಾಯಿಂಟನ್ನ ಅದರ ಕ್ರೆಡಿಟ್‌ನಿಂದ ಗುಣಿಸಿ, ಎಲ್ಲಾ ಕೂಡಿಸಿ, ಒಟ್ಟು ಕ್ರೆಡಿಟ್‌ನಿಂದ ಭಾಗಿಸಿ.

ಒಬ್ಬ ಒಂಬತ್ತನೇ ಕ್ಲಾಸಿನ ಹುಡುಗೀದು ಅಂತ ಇಟ್ಕೊಳಿ (ಆನರ್ಸ್ ಅಂದ್ರೆ ಅದೇ ಸಬ್ಜೆಕ್ಟಿನ ಕಷ್ಟದ ಲೆವೆಲ್, ಎಪಿ ಅಂದ್ರೆ ಅಡ್ವಾನ್ಸ್‌ಡ್ ಪ್ಲೇಸ್‌ಮೆಂಟ್, ಕಾಲೇಜ್ ಮಟ್ಟದ ಕೋರ್ಸ್):

ಇಂಗ್ಲಿಷ್, 1 ಕ್ರೆಡಿಟ್, ಎ ಮೈನಸ್: 3.7
ಜಿಯಾಮೆಟ್ರಿ ಆನರ್ಸ್, 1 ಕ್ರೆಡಿಟ್, ಬಿ ಪ್ಲಸ್: 3.3
ಬಯಾಲಜಿ, 1 ಕ್ರೆಡಿಟ್, ಎ: 4.0
ವರ್ಲ್ಡ್ ಹಿಸ್ಟರಿ ಎಪಿ, 1 ಕ್ರೆಡಿಟ್, ಬಿ: 3.0
ಸ್ಪ್ಯಾನಿಷ್, 1 ಕ್ರೆಡಿಟ್, ಎ ಮೈನಸ್: 3.7
ಪಿಇ (ದೈಹಿಕ ಶಿಕ್ಷಣ), ಅರ್ಧ ಕ್ರೆಡಿಟ್, ಎ: 4.0ರ ಅರ್ಧ, 2.0
ಹೆಲ್ತ್, ಅರ್ಧ ಕ್ರೆಡಿಟ್, ಬಿ: 3.0ರ ಅರ್ಧ, 1.5

ಕೂಡಿಸಿದ್ರೆ 21.2, ಕ್ರೆಡಿಟ್ ಒಟ್ಟು 6, ಭಾಗಿಸಿದ್ರೆ 3.53. ಇದು ಅನ್‌ವೇಯ್ಟೆಡ್ ಜಿಪಿಎ. ಇದೇ ಹುಡುಗಿ ಪ್ಲಸ್ ಮೈನಸ್ ಇಲ್ಲದ ಸ್ಕೂಲಲ್ಲಿ ಇದ್ದಿದ್ರೆ? ಎರಡು ಎ ಮೈನಸ್ ಪೂರ್ತಿ 4 ಆಗ್ತಿತ್ತು, ಬಿ ಪ್ಲಸ್ 3ಕ್ಕೆ ಇಳೀತಿತ್ತು, ಒಟ್ಟು 21.5, ಜಿಪಿಎ 3.58. ಓದಿದ್ದು ಅದೇ, ಪರೀಕ್ಷೆ ಅದೇ, ನಂಬರ್ ಮಾತ್ರ ಬೇರೆ.

ಇನ್ನು ವೇಯ್ಟೆಡ್. ಕಷ್ಟದ ಕೋರ್ಸ್ ತಗೊಂಡಿದ್ದಕ್ಕೆ ಕೊಡೋ ಬೋನಸ್ಸು ಅದು. ತುಂಬಾ ಕಡೆ ಆನರ್ಸ್‌ಗೆ 0.5, ಎಪಿ ಅಥವಾ ಐಬಿಗೆ (ಇಂಟರ್‌ನ್ಯಾಷನಲ್ ಬ್ಯಾಕಲೋರಿಯೇಟ್, ಅದೂ ಎಪಿ ಥರದ್ದೇ) 1.0 ಸೇರಿಸ್ತಾರೆ, ಹಾಗಾಗಿ ಎಪಿಲಿ ಎ ಬಂದ್ರೆ 5, ಬಿ ಬಂದ್ರೆ 4. ಮೇಲಿನ ಹುಡುಗಿಗೆ ಜಿಯಾಮೆಟ್ರಿಯಿಂದ ಅರ್ಧ, ಹಿಸ್ಟರಿಯಿಂದ ಒಂದು, ಒಟ್ಟು 1.5 ಜಾಸ್ತಿ, ಅಂದ್ರೆ 22.7, ಆರರಿಂದ ಭಾಗಿಸಿದ್ರೆ 3.78. ಆದ್ರೆ ಈ 0.5, 1.0 ಅನ್ನೋದು ದೇಶಕ್ಕೆಲ್ಲ ಒಂದೇ ಕಾನೂನು ಅಂತ ತಿಳ್ಕೊಬೇಡಿ. ನಾರ್ತ್ ಕ್ಯಾರೊಲೈನಾನೇ ನೋಡಿ, ಮೊದಲು ಅಲ್ಲಿ ಆನರ್ಸ್‌ಗೆ 1, ಎಪಿಗೆ 2 ಪಾಯಿಂಟ್ ಕೊಡ್ತಿದ್ರು, 2015-16ರಲ್ಲಿ ಒಂಬತ್ತಕ್ಕೆ ಸೇರಿದ ಮಕ್ಕಳಿಂದ ಅದನ್ನ 0.5 ಮತ್ತು 1ಕ್ಕೆ ಇಳಿಸಿದ್ರು. ಒಂದೇ ಮನೇಲಿ ದೊಡ್ಡವನಿಗೂ ಚಿಕ್ಕವಳಿಗೂ ಮಾರ್ಕ್ಸ್ ಅಷ್ಟೇ ಇದ್ರೂ ವೇಯ್ಟೆಡ್ ನಂಬರ್ ಬೇರೆ ಬರೋ ಥರ ಆಯ್ತು. ಟೆಕ್ಸಾಸ್‌ನ ಕೆಲವು ಡಿಸ್ಟ್ರಿಕ್ಟ್‌ಗಳಲ್ಲಂತೂ ನಾಲ್ಕರ ಸ್ಕೇಲೇ ಇಲ್ಲ, ನೂರರ ಸ್ಕೇಲ್ ಮೇಲೆ ಜಿಪಿಎ ಹಾಕ್ತಾರೆ.

ವೇಯ್ಟೆಡ್‌ನಲ್ಲಿ ಒಂದು ವಿಚಿತ್ರ ಇದೆ, ಅದು ಗೊತ್ತಿಲ್ದೇ ಇದ್ರೆ ಮಗು ಯಾಕೆ ಆರ್ಕೆಸ್ಟ್ರಾ ಬಿಡ್ತೀನಿ ಅಂತಿದೆ ಅನ್ನೋದೇ ಅರ್ಥ ಆಗಲ್ಲ. ಆರು ಕ್ರೆಡಿಟ್‌ಗೆ 4.4 ಇರೋ ಹುಡುಗನ ಹತ್ರ 26.4 ಪಾಯಿಂಟ್ ಇದೆ, ಅವನು ಮಾಮೂಲಿ ಲೆವೆಲ್‌ನ ಆರ್ಕೆಸ್ಟ್ರಾ ತಗೊಂಡು ಅದರಲ್ಲಿ ಎ ಬಂತು ಅಂತಿಟ್ಕೊಳಿ, 30.4ನ್ನ ಏಳರಿಂದ ಭಾಗಿಸಿದ್ರೆ 4.34. ಎ ತಗೊಂಡೂ ಜಿಪಿಎ ಇಳೀತು! ಅದಕ್ಕೇ ಕೆಲವು ಮಕ್ಕಳು ಇಷ್ಟದ ಕ್ಲಾಸ್ ಬಿಟ್ಟು ಆ ಪೀರಿಯಡ್ ಸ್ಟಡಿ ಹಾಲ್‌ನಲ್ಲಿ ಸುಮ್ನೆ ಕೂರ್ತಾರೆ. ನನ್ನ ಕೇಳಿದ್ರೆ ಇದು ಶುದ್ಧ ದಡ್ಡತನ, ಯಾಕಂದ್ರೆ ತುಂಬಾ ಕಾಲೇಜುಗಳು ಟ್ರಾನ್ಸ್‌ಕ್ರಿಪ್ಟ್ (ಎಲ್ಲಾ ವರ್ಷದ ಕೋರ್ಸು, ಗ್ರೇಡ್ ಇರೋ ಸ್ಕೂಲಿನ ದಾಖಲೆ) ತಗೊಂಡು ತಮ್ಮದೇ ರೀತಿಲಿ ಮತ್ತೆ ಲೆಕ್ಕ ಹಾಕ್ತವೆ, ಆ 0.06 ಅಲ್ಲಿ ಎಲ್ಲೂ ಕಾಣಲ್ಲ, ನಾಲ್ಕು ವರ್ಷ ವಯಲಿನ್ ನುಡಿಸಿದ್ದು ಕಾಣತ್ತೆ. ಒಂದೇ ಒಂದು ಕಡೆ ಇದಕ್ಕೆ ಅರ್ಥ ಇದೆ, ಸ್ಕೂಲಲ್ಲಿ ರ‍್ಯಾಂಕ್ ಕೊಡ್ತಾರೆ ಮತ್ತು ಆ ರ‍್ಯಾಂಕಿಗೆ ಬೆಲೆ ಇದೆ ಅನ್ನೋ ಜಾಗದಲ್ಲಿ. ಟೆಕ್ಸಾಸ್ ಅಂಥದ್ದು. 1997ರ ಕಾನೂನಿನ ಪ್ರಕಾರ ಅಲ್ಲಿನ ಸ್ಕೂಲಲ್ಲಿ ಮೊದಲ 10 ಪರ್ಸೆಂಟ್ ಒಳಗೆ ಬಂದವರಿಗೆ ರಾಜ್ಯದ ಸರ್ಕಾರಿ ಯೂನಿವರ್ಸಿಟಿಗಳಲ್ಲಿ ಸೀಟು ಖಾತ್ರಿ, ಆದ್ರೆ ಆಸ್ಟಿನ್‌ನ ಯೂನಿವರ್ಸಿಟಿಗೆ ಮಾತ್ರ ಮಿತಿ ಇದೆ, 2026ರ ಫಾಲ್ ಸೆಮಿಸ್ಟರ್‌ನಿಂದ ಅದು 5 ಪರ್ಸೆಂಟ್. ಅಲ್ಲಿರೋರು ಎರಡನೇ ದಶಮಾಂಶಕ್ಕೂ ತಲೆ ಕೆಡಿಸ್ಕೊಳೋದು ಸುಮ್ನೆ ಅಲ್ಲ.

ಎಲ್ಲಾ ವರ್ಷದ್ದು ಸೇರಿಸಿದ ಕ್ಯುಮುಲೇಟಿವ್ ಜಿಪಿಎ ಹಾಕುವಾಗ ವರ್ಷವರ್ಷದ ಜಿಪಿಎ ಕೂಡಿಸಿ ಎರಡರಿಂದ ಭಾಗಿಸಬೇಡಿ. ಒಂಬತ್ತರಲ್ಲಿ 6 ಕ್ರೆಡಿಟ್‌ಗೆ 3.5, ಹತ್ತರಲ್ಲಿ 8 ಕ್ರೆಡಿಟ್‌ಗೆ 3.9 ಇದ್ರೆ ಉತ್ತರ 3.7 ಅಲ್ಲ. 21 ಮತ್ತು 31.2 ಕೂಡಿಸಿ 14ರಿಂದ ಭಾಗಿಸ್ಬೇಕು, 3.73 ಬರತ್ತೆ. ಎಕ್ಸೆಲ್‌ನಲ್ಲಿ ಕೋರ್ಸು, ಸೆಮಿಸ್ಟರು, ಕ್ರೆಡಿಟ್ಟು, ಗ್ರೇಡು, ಪಾಯಿಂಟು, ಬೋನಸ್ಸು ಅಂತ ಕಾಲಂ ಮಾಡಿಟ್ರೆ ನಾಲ್ಕೂ ವರ್ಷ ಅದೇ ಶೀಟ್ ಸಾಕು. ಪಾಸ್-ಫೇಲ್ ಅಂತ ತಗೊಂಡ ಕೋರ್ಸಲ್ಲಿ ಪಾಸ್ ಆದ್ರೆ ಕ್ರೆಡಿಟ್ ಸಿಗತ್ತೆ, ಆದ್ರೆ ಸಾಮಾನ್ಯವಾಗಿ ಜಿಪಿಎ ಲೆಕ್ಕಕ್ಕೆ ಬರಲ್ಲ, ಅದನ್ನ ಭಾಗಿಸೋ ಕ್ರೆಡಿಟ್‌ನಲ್ಲೂ ಸೇರಿಸ್ಬೇಡಿ. ಫೇಲಾಗಿ ಮತ್ತೆ ತಗೊಂಡಿದ್ರೆ ಹಳೇ ಗ್ರೇಡ್ ಅಳಿಸ್ತಾರಾ, ಎರಡೂ ಇಡ್ತಾರಾ ಅಂತ ಸ್ಕೂಲಲ್ಲೇ ಕೇಳ್ಬೇಕು, ಒಂದೊಂದು ಕಡೆ ಒಂದೊಂದು ಥರ. ಮಿಡಲ್ ಸ್ಕೂಲಲ್ಲೇ ಆಲ್ಜೀಬ್ರಾ 1 ಮುಗಿಸಿದ ಮಕ್ಕಳದ್ದು ಹೈಸ್ಕೂಲ್ ಟ್ರಾನ್ಸ್‌ಕ್ರಿಪ್ಟ್‌ಗೆ ಹತ್ತತ್ತಾ, ಹತ್ತಿದ್ರೆ ಜಿಪಿಎಗೂ ಸೇರತ್ತಾ ಅನ್ನೋದೂ ಹಾಗೇ. ಮತ್ತೆ ಪೋರ್ಟಲ್‌ನಲ್ಲಿ ದಿನಾ ಏರಿ ಇಳಿಯೋ ಪರ್ಸೆಂಟ್ ನೋಡಿ ಊಟ ಬಿಡ್ಬೇಡಿ, ಹೆಚ್ಚಿನ ಸ್ಕೂಲಲ್ಲಿ ಟ್ರಾನ್ಸ್‌ಕ್ರಿಪ್ಟ್‌ಗೆ ಹೋಗೋದು ಸೆಮಿಸ್ಟರ್ ಕೊನೆಯ ಅಥವಾ ವರ್ಷದ ಕೊನೆಯ ಗ್ರೇಡ್ ಮಾತ್ರ.

ಇನ್ನೂ ಟೈಮಿದೆ ಮುಂದೆ ಏರಿಸ್ಕೊತಾನೆ ಅನ್ನೋರು ಈ ಲೆಕ್ಕ ಒಮ್ಮೆ ಹಾಕಿ ನೋಡಿ. ಹತ್ತನೇ ಕ್ಲಾಸ್ ಮುಗಿದಾಗ 12 ಕ್ರೆಡಿಟ್‌ಗೆ 3.2 ಇದೆ, ಕೈಲಿರೋದು 38.4 ಪಾಯಿಂಟ್. ಹನ್ನೊಂದರಲ್ಲಿ ಆರಕ್ಕೆ ಆರೂ ಎ ತಗೊಂಡ, 24 ಸೇರಿ 62.4, ಹದಿನೆಂಟರಿಂದ ಭಾಗಿಸಿದ್ರೆ 3.47. ಇದಕ್ಕಿಂತ ಚೆನ್ನಾಗಿ ಓದೋಕೇ ಆಗಲ್ಲ, ಆದ್ರೂ 3.5 ಮುಟ್ಟಲಿಲ್ಲ. 3.5 ಬೇಕಂದ್ರೆ ಆ ವರ್ಷ 4.1 ಬರ್ಬೇಕಿತ್ತು, ಅನ್‌ವೇಯ್ಟೆಡ್‌ನಲ್ಲಿ ಅದು ಆಗದ ಮಾತು. ಹನ್ನೆರಡನೇ ವರ್ಷಾನೂ ಎಲ್ಲಾ ಎ ಬಂದ್ರೆ 3.6 ಆಗತ್ತೆ ನಿಜ, ಆದ್ರೆ ಕಾಲೇಜಿಗೆ ಅರ್ಜಿ ಹಾಕೋ ಹೊತ್ತಿಗೆ ಕೈಲಿರೋದು ಹನ್ನೊಂದರವರೆಗಿನ ಗ್ರೇಡೇ. ಒಂಬತ್ತನೇ ಕ್ಲಾಸ್ ಅಂದ್ರೆ ಹೊಸ ಸ್ಕೂಲು, ಹೊಂದ್ಕೊಳ್ಲಿ ಬಿಡಿ ಅಂತ ಹೇಳೋದು ಸುಲಭ, ಕ್ಯಾಲ್ಕುಲೇಟರ್ ಒಪ್ಪಲ್ಲ. ಹಾಗಂತ ಕೆಳಗಿನಿಂದ ಮೇಲಕ್ಕೆ ಹೋಗಿರೋದಕ್ಕೆ ಬೆಲೆ ಇಲ್ಲ ಅಂತಲ್ಲ, ಟ್ರಾನ್ಸ್‌ಕ್ರಿಪ್ಟ್ ಓದೋರು ವರ್ಷವರ್ಷದ ಗ್ರೇಡ್ ನೋಡ್ತಾರೆ, ಆ ಏರಿಕೆ ಅವರ ಕಣ್ಣಿಗೆ ಬೀಳತ್ತೆ.

ಸ್ಕೂಲ್ ಹಾಕೋ ನಂಬರ್ ಬಿಟ್ಟು ಬೇರೆಯವರು ಹಾಕೋ ಲೆಕ್ಕಾನೂ ಇದೆ. ಯೂನಿವರ್ಸಿಟಿ ಆಫ್ ಕ್ಯಾಲಿಫೋರ್ನಿಯಾ, ಅಂದ್ರೆ ಬರ್ಕ್ಲಿ, ಲಾಸ್ ಏಂಜಲಿಸ್ ಎಲ್ಲಾ ಸೇರಿದ ಯುಸಿ, ಅದರದ್ದು ಪೂರ್ತಿ ಬೇರೆ. ಒಂಬತ್ತು ಮುಗಿದ ಬೇಸಿಗೆಯಿಂದ ಹನ್ನೊಂದು ಮುಗಿದ ಬೇಸಿಗೆವರೆಗಿನ ಗ್ರೇಡ್ ಮಾತ್ರ ತಗೊಳ್ತಾರೆ, ಅದರಲ್ಲೂ ಎ-ಜಿ ಅನ್ನೋ, ಯುಸಿ ಒಪ್ಪಿದ ಸಬ್ಜೆಕ್ಟ್‌ಗಳ ಪಟ್ಟಿಗೆ ಸೇರಿದ ಕೋರ್ಸ್ ಮಾತ್ರ, ಪಿಇ ಲೆಕ್ಕಕ್ಕಿಲ್ಲ. ಪ್ಲಸ್ ಮೈನಸ್ ಇಲ್ಲ, ಎ ಮೈನಸ್ ಕೂಡ 4. ಬೋನಸ್ ಸೆಮಿಸ್ಟರಿಗೆ ಒಂದರಂತೆ, ಸಿ ಅಥವಾ ಮೇಲೆ ಬಂದಿದ್ರೆ ಮಾತ್ರ, ಗರಿಷ್ಠ ಎಂಟು ಸೆಮಿಸ್ಟರ್, ಅದರಲ್ಲಿ ಹತ್ತನೇ ಕ್ಲಾಸಿಂದು ನಾಲ್ಕಕ್ಕಿಂತ ಜಾಸ್ತಿ ಇರೋ ಹಾಗಿಲ್ಲ. 20 ಸೆಮಿಸ್ಟರ್ ಗ್ರೇಡಲ್ಲಿ 15 ಎ, 5 ಬಿ ಇದ್ರೆ 75, ಬೋನಸ್ 8 ಸೇರಿ 83, ಇಪ್ಪತ್ತರಿಂದ ಭಾಗಿಸಿದ್ರೆ 4.15. ಹತ್ತು ಎಪಿ ತಗೊಂಡಿದ್ರೂ ಈ ಲೆಕ್ಕದಲ್ಲಿ ಬೋನಸ್ ಎಂಟೇ. ಕ್ಯಾಲಿಫೋರ್ನಿಯಾದವರಿಗೆ ಕನಿಷ್ಠ 3.0, ಹೊರಗಿನವರಿಗೆ 3.4 ಇರ್ಬೇಕು, ಅದು ಬಾಗಿಲು ಅಷ್ಟೇ, ಬರ್ಕ್ಲಿಗೆ ಸೀಟು ಸಿಗೋ ನಂಬರ್ ಅಲ್ಲ. ಹೊರ ರಾಜ್ಯದ ಮಕ್ಕಳಿಗೆ ಇನ್ನೊಂದು ಪೆಟ್ಟು, ಸ್ಕೂಲ್ ಕೊಡೋ ಬರೀ ಆನರ್ಸ್ ಕೋರ್ಸಿಗೆ ಅವರಿಗೆ ಬೋನಸ್ ಇಲ್ಲ, ಎಪಿ, ಐಬಿ ಥರದ್ದಕ್ಕೆ ಮಾತ್ರ. ಒಂಬತ್ತನೇದು ಜಿಪಿಎಗೆ ಬರಲ್ಲ ಅಂತ ಖುಷಿ ಪಡೋರಿಗೂ ಹೇಳ್ಬೇಕು, ಎ-ಜಿ ಕೋರ್ಸ್ ಮುಗಿದಿದೆ ಅನ್ನಿಸ್ಕೊಳೋಕೆ ಅಲ್ಲೂ ಸಿ ಬೇಕೇ ಬೇಕು.

ಜಾರ್ಜಿಯಾದ ಹೋಪ್ ಸ್ಕಾಲರ್‌ಶಿಪ್‌ಗೂ 3.0 ಬೇಕು, ಅದನ್ನ ಮುಖ್ಯ ಸಬ್ಜೆಕ್ಟ್‌ಗಳ ಮೇಲೆ ರಾಜ್ಯದವರೇ ಲೆಕ್ಕ ಹಾಕ್ತಾರೆ, ಸ್ಕೂಲ್ ಕಾರ್ಡಿನ ನಂಬರ್ ಅಲ್ಲಿ ನಡೆಯಲ್ಲ. ಮಗು ಕಾಲೇಜಲ್ಲಿ ಆಟ ಆಡೋ ಲೆವೆಲ್‌ಗೆ ಇದ್ರೆ ಎನ್‌ಸಿಎಎ (ಕಾಲೇಜ್ ಕ್ರೀಡೆಗಳನ್ನ ನಡೆಸೋ ಸಂಸ್ಥೆ) ಡಿವಿಷನ್ 1ಕ್ಕೆ 16 ಕೋರ್ ಕೋರ್ಸ್‌ಗಳಲ್ಲಿ ಕನಿಷ್ಠ 2.3, ಡಿವಿಷನ್ 2ಕ್ಕೆ 2.2.

ಇಷ್ಟೆಲ್ಲ ಗೋಜಲಿದ್ರೂ ಕಾಲೇಜಿನವರಿಗೆ ಅಷ್ಟು ಗೊಂದಲ ಆಗಲ್ಲ, ಯಾಕಂದ್ರೆ ಟ್ರಾನ್ಸ್‌ಕ್ರಿಪ್ಟ್ ಜೊತೆ ಕೌನ್ಸೆಲರ್ ಸ್ಕೂಲ್ ಪ್ರೊಫೈಲ್ ಅಂತ ಒಂದು ಕಾಗದ ಕಳಿಸ್ತಾರೆ, ನಮ್ಮ ಸ್ಕೂಲಿನ ಸ್ಕೇಲ್ ಇದು, ಬೋನಸ್ ಇಷ್ಟು, ಎಪಿ ಇಷ್ಟಿವೆ ಅಂತೆಲ್ಲ ಅದರಲ್ಲಿರತ್ತೆ. ಹಾಗಾಗಿ ಐದೇ ಎಪಿ ಇರೋ ಸ್ಕೂಲಲ್ಲಿ ನಾಲ್ಕು ತಗೊಂಡವನನ್ನ ಇಪ್ಪತ್ತೈದು ಇರೋ ಸ್ಕೂಲಿನವನ ಪಕ್ಕ ನಿಲ್ಲಿಸಿ ಅಳೆಯಲ್ಲ. ಈ ಪ್ರೊಫೈಲ್ ತುಂಬಾ ಸ್ಕೂಲಿನ ವೆಬ್‌ಸೈಟಲ್ಲೇ ಸಿಗತ್ತೆ, ಇಲ್ಲ ಅಂದ್ರೆ ಕೌನ್ಸೆಲರ್‌ಗೆ ಮೇಲ್ ಹಾಕಿ, ಒಂಬತ್ತಕ್ಕೆ ಸೇರಿದ ವರ್ಷವೇ ಓದ್ಬಿಡಿ. ಕಾಮನ್ ಆ್ಯಪ್ (ತುಂಬಾ ಕಾಲೇಜುಗಳಿಗೆ ಹಾಕೋ ಒಂದೇ ಆನ್‌ಲೈನ್ ಅರ್ಜಿ) ತುಂಬುವಾಗ ಜಿಪಿಎ ಜೊತೆಗೆ ಎಷ್ಟರ ಸ್ಕೇಲು, ವೇಯ್ಟೆಡ್ಡಾ ಅಲ್ವಾ ಅಂತ ಪಕ್ಕಪಕ್ಕದಲ್ಲೇ ಕೇಳತ್ತೆ, ಅಲ್ಲಿ ನಿಮ್ಮ ಎಕ್ಸೆಲ್ ಶೀಟಿನ ಲೆಕ್ಕ ಹಾಕ್ಬೇಡಿ, ಟ್ರಾನ್ಸ್‌ಕ್ರಿಪ್ಟ್‌ನಲ್ಲಿ ಸ್ಕೂಲ್ ಏನು ಪ್ರಿಂಟ್ ಮಾಡಿದೆಯೋ ಅದನ್ನೇ ಹಾಕಿ, 3.78 ಇದ್ರೆ 3.78, ಅದನ್ನ 3.8 ಅಂತ ಮಾಡೋದೂ ಬೇಡ. ಶೀಟಿನ ಲೆಕ್ಕಕ್ಕೂ ಸ್ಕೂಲಿನದಕ್ಕೂ ತಾಳೆ ಆಗ್ತಿಲ್ಲ ಅಂದ್ರೆ ಅರ್ಜಿ ಹಾಕೋ ಮುಂಚೆನೇ ಕೌನ್ಸೆಲರ್‌ನ ಕೇಳಿ, ಟ್ರಾನ್ಸ್‌ಕ್ರಿಪ್ಟ್‌ನಲ್ಲೇ ಕ್ರೆಡಿಟ್ ತಪ್ಪಾಗಿ ಹತ್ತಿದ್ರೆ ಸರಿ ಮಾಡಿಸ್ಕೊಳೋಕೆ ಟೈಮ್ ಹಿಡಿಯತ್ತೆ.