ಆಲೆಮನೆ ಕಂಪನಿಗೆ ಲ್ಯಾಬೂ ಲೆಕ್ಕವೂ ಸ್ವಂತವಾದದ್ದು ಹೀಗೆ

ಮಂಡ್ಯ ಸೀಮೆಯ ನಮ್ಮ ಬೆಲ್ಲದ ರೈತ ಉತ್ಪಾದಕ ಕಂಪನಿ, ಕೈಹಿಡಿದು ನಡೆಸುತ್ತಿದ್ದ ಸಂಸ್ಥೆಗಳು ಹೊರಟ ಮೇಲೂ ಎರಡು ಹಂಗಾಮು ದಾಟಿದೆ. ಲೆಕ್ಕ ಬರೆಯುವವರು ನಮ್ಮವರೇ, ಬೆಲ್ಲ ಪರೀಕ್ಷೆ ಮಾಡುವವರೂ ನಮ್ಮವರೇ. "ಮೂರು ವರ್ಷದ ದುಡ್ಡು ಮುಗಿದ ಮಾರನೇ ದಿನ ಬೀಗ ಹಾಕ್ತೀರಿ", "ಆಲೆಮನೆಗೆ ಲ್ಯಾಬು ಯಾಕೆ ಕಣಣ್ಣ" ಎಂದಿದ್ದವರು ಈಗ ತಮ್ಮ ಬೆಲ್ಲದ ಸ್ಯಾಂಪಲ್ ಕವರಿನಲ್ಲಿ ಕಟ್ಟಿಕೊಂಡು ಬರುತ್ತಿದ್ದಾರೆ. ನೋಂದಣಿ, ಷೇರು, ಸಭೆ ಇವೆಲ್ಲ ಗೊತ್ತಿರುವವರಿಗೆ ಈ ಬರಹ. ಅಂಕಿಗಳು ನೆನಪಿನಿಂದ ಬರೆದವು, ಸ್ವಲ್ಪ ಆಚೀಚೆ ಇರಬಹುದು.

ಮೊದಲು ದುಡ್ಡಿನ ಮಾತು. ದೇಶದಲ್ಲಿ 10,000 ರೈತ ಉತ್ಪಾದಕ ಸಂಸ್ಥೆ (ಎಫ್‌ಪಿಒ) ಕಟ್ಟುವ 2020ರ ಕೇಂದ್ರ ಯೋಜನೆಯಲ್ಲಿ ಕಂಪನಿಗೆ ನಿರ್ವಹಣಾ ವೆಚ್ಚ ಅಂತ ಬರುವುದು ಮೂರು ವರ್ಷಕ್ಕೆ ಗರಿಷ್ಠ 18 ಲಕ್ಷ. ಸಿಇಒ ಸಂಬಳಕ್ಕೆ ತಿಂಗಳಿಗೆ 25,000, ಅಕೌಂಟೆಂಟ್‌ಗೆ 10,000 ತೆಗೆದರೆ 36 ತಿಂಗಳಿಗೆ 12 ಲಕ್ಷ 60 ಸಾವಿರ ಅಲ್ಲಿಗೇ ಹೋಯಿತು. ಉಳಿದ 5 ಲಕ್ಷ 40 ಸಾವಿರದಲ್ಲಿ ಬಾಡಿಗೆ, ಕರೆಂಟು, ಓಡಾಟ, ಕಂಪ್ಯೂಟರು, ಮೇಜು ಕುರ್ಚಿ. ಷೇರಿಗೆ ಸಮನಾಗಿ ಬರುವ ಈಕ್ವಿಟಿ ಅನುದಾನ ಸದಸ್ಯನಿಗೆ 2,000, ಒಟ್ಟು 15 ಲಕ್ಷ ಮೀರುವಂತಿಲ್ಲ. ನಮ್ಮದು 620ರಷ್ಟು ಸದಸ್ಯರು, ತಲಾ 1,000. ಹಾಗಾಗಿ ಆರು ಲಕ್ಷಕ್ಕೆ ಆರು ಲಕ್ಷ ಬಂತು, ಅದು ಕಬ್ಬು ಮತ್ತು ಬೆಲ್ಲದ ವಹಿವಾಟಿನಲ್ಲೇ ಸುತ್ತುತ್ತಿರುತ್ತದೆ. ಕಂಪನಿ ತಾನೇ ಕಲಿಯಲಿ ಅಂತ ಯಾವ ತಲೆಬರಹದಲ್ಲೂ ದುಡ್ಡಿಲ್ಲ. ಅದಕ್ಕೆ ಮಾರಿದ ಪ್ರತಿ ಕ್ವಿಂಟಾಲ್ ಬೆಲ್ಲದ ಮೇಲೆ 15 ರೂಪಾಯಿ ಮುರಿದು ಕಲಿಕೆ ನಿಧಿ ಮಾಡಿದೆವು. ವರ್ಷಕ್ಕೆ ಸುಮಾರು 90,000 ಸೇರಿತು. ವಾರ್ಷಿಕ ಸಭೆಯಲ್ಲಿ ಜಗಳವಾಗಿ ಎರಡು ರೂಪಾಯಿ ಇಳಿಸಿ ಅಂದರು, ನಾವು ಇಳಿಸಲಿಲ್ಲ. ಮುಂದೆ ಬರೆದಿರುವುದೆಲ್ಲ ಈ ನಿಧಿಯಿಂದಲೇ ಆದದ್ದು.

ಮೊದಲ ಪ್ರಯತ್ನ ನೆಲಕಚ್ಚಿತು. ನಮಗೆ ಹಚ್ಚಿದ್ದ ಆಸರೆ ಸಂಸ್ಥೆಯವರು ಎಲ್ಲವನ್ನೂ ತಾವೇ ಮಾಡಿಬಿಡುತ್ತಿದ್ದರು. ಲೆಕ್ಕ ಬರೆಯುವ ಸಾಫ್ಟ್‌ವೇರ್ ಟ್ಯಾಲಿ ಅವರ ಲ್ಯಾಪ್‌ಟಾಪಿನಲ್ಲಿ, ನಿರ್ದೇಶಕರ ಡಿಜಿಟಲ್ ಸಹಿಯ ಟೋಕನ್‌ಗಳು (ಪೆನ್‌ಡ್ರೈವ್‌ನಂಥವು) ಅವರ ಡ್ರಾಯರಿನಲ್ಲಿ, ಒಟಿಪಿ ಹೋಗುತ್ತಿದ್ದ ಮೊಬೈಲ್ ನಂಬರು ಅವರ ಸಿಬ್ಬಂದಿಯದು. ಆ ಹುಡುಗ ಕೆಲಸ ಬಿಟ್ಟ ವರ್ಷ ನಿರ್ದೇಶಕರ ಗುರುತಿನ ವಿವರ ಸರ್ಕಾರಕ್ಕೆ ಒಪ್ಪಿಸುವ ಡಿಐಆರ್-3 ಕೆವೈಸಿ ಆಗಲಿಲ್ಲ. ಆಗಿನ ನಿಯಮದಂತೆ ನಿರ್ದೇಶಕನಿಗೆ 5,000 ದಂಡ, ಹತ್ತು ಜನಕ್ಕೆ 50,000. ವರ್ಷದ ಲೆಕ್ಕಪತ್ರದ ಎಒಸಿ-4, ವಾರ್ಷಿಕ ವಿವರದ ಎಂಜಿಟಿ-7 ಎರಡೂ ಫಾರಂ ತಡವಾದವು. ದಿನಕ್ಕೆ ಫಾರಂಗೆ 100 ರೂಪಾಯಿಯಂತೆ 200 ದಿನ ದಾಟಿತು, ಇನ್ನೊಂದು 40,000 ಚಿಲ್ಲರೆ ಅಲ್ಲೂ ಹೋಯಿತು. ಅಷ್ಟರಲ್ಲಿ ನಮ್ಮವರ ಹತ್ತಿರ ತರಬೇತಿ ಪ್ರಮಾಣಪತ್ರ ಮಾತ್ರ ಹದಿನಾಲ್ಕೋ ಹದಿನೈದೋ ಇದ್ದವು. ಈ ಫಾರಂ ಸಲ್ಲಿಸುವ ಪೋರ್ಟಲ್‌ಗೆ ಲಾಗಿನ್ ಆಗಲು ಬರುತ್ತಿದ್ದವರು ಒಬ್ಬರೂ ಇರಲಿಲ್ಲ.

ಆಮೇಲೆ ಹಿಡಿದ ದಾರಿಗೆ ಮೂರು ಕೈ ಅಂತ ಹೆಸರಿಟ್ಟೆವು. ಮೊದಲ ಸುತ್ತಿನಲ್ಲಿ ಪಾಲುದಾರ ಸಂಸ್ಥೆಯವರು, ಅಂದರೆ ಆ ಕೆಲಸ ಕಲಿಸುವವರು, ಮಾಡುತ್ತಾರೆ, ನಮ್ಮವರು ಪಕ್ಕದಲ್ಲಿ ಕೂತು ಕನ್ನಡದಲ್ಲಿ ತಮ್ಮ ಕೈಬರಹದಲ್ಲೇ ಹೆಜ್ಜೆಹೆಜ್ಜೆ ಬರೆದುಕೊಳ್ಳುತ್ತಾರೆ. ಎರಡನೆಯದರಲ್ಲಿ ಆ ಬರಹ ನೋಡಿಕೊಂಡು ನಮ್ಮವರು ಮಾಡುತ್ತಾರೆ, ಅವರು ಕೈ ಹಾಕುವಂತಿಲ್ಲ, ಬಾಯಲ್ಲಿ ಹೇಳಬಹುದು. ಮೂರನೆಯದರಲ್ಲಿ ನಮ್ಮವರು ಮಾಡಿ ಕಳಿಸುತ್ತಾರೆ, ಅವರು ತಪ್ಪು ಹುಡುಕುತ್ತಾರೆ. ಒಪ್ಪಂದ ಒಂದೇ ಪುಟ. ಅದರಲ್ಲಿ ಕೆಲಸದ ಹೆಸರು, ಕಲಿಯುವ ಇಬ್ಬರ ಹೆಸರು, ಮುಗಿಯುವ ತಾರೀಕು, ದುಡ್ಡು. ಇಬ್ಬರು ಅನ್ನುವುದರಲ್ಲಿ ರಾಜಿ ಇಲ್ಲ, ಒಬ್ಬರನ್ನೇ ಕಲಿಸಿದರೆ ಅವರು ಬೆಂಗಳೂರು ಬಸ್ಸು ಹತ್ತಿದ ದಿನ ಕಂಪನಿ ಮತ್ತೆ ಸೊನ್ನೆಗೆ ಬರುತ್ತದೆ. ಹಣವನ್ನು ನೂರಕ್ಕೆ 30, 20, 50ರ ಕಂತಿನಲ್ಲಿ ಕೊಟ್ಟೆವು. ದೊಡ್ಡ ಕಂತು ಮೂರನೇ ಸುತ್ತು ಮುಗಿದ ಮೇಲೆ. ಲೆಕ್ಕಪತ್ರ ಕಲಿಸಿದ ಲೆಕ್ಕಪರಿಶೋಧಕರ ಕಚೇರಿ ಇದಕ್ಕೆ ಒಪ್ಪಿತು, ಒಟ್ಟು 36,000 ಆಯಿತು. ಸರ್ಕಾರಿ ಸಂಶೋಧನಾ ಸಂಸ್ಥೆಗಳಲ್ಲಿ ಈ ಕಂತಿನ ಆಟ ನಡೆಯುವುದಿಲ್ಲ, ಅಲ್ಲಿ ಶುಲ್ಕದ ಪಟ್ಟಿ ಇರುತ್ತದೆ, ಮುಂಗಡ ಕಟ್ಟಲೇಬೇಕು. ಅಂಥ ಕಡೆ ಐದು ದಿನದ ತರಬೇತಿ ಕೊಳ್ಳುವುದಕ್ಕಿಂತ ಐದು ಸ್ಯಾಂಪಲ್ ಪರೀಕ್ಷೆಗೆ ಕೊಟ್ಟು, ಮಾಡುವಾಗ ನಮ್ಮವರು ನಿಂತು ನೋಡಲು ಅನುಮತಿ ಕೊಡಿ ಅಂತ ಪತ್ರ ಹಾಕುವುದು ಲಾಭ. ಆ ಪತ್ರದ ಒಕ್ಕಣೆ ಹೇಗಿರಬೇಕು, ಯಾರ ಮೂಲಕ ಹೋಗಬೇಕು ಅನ್ನುವುದನ್ನು ಇಲ್ಲಿ ಬರೆಯುವುದಿಲ್ಲ. ಬಂದು ಕೇಳಿದವರಿಗೆ ಹೇಳುತ್ತೇವೆ.

ಈಗ ಟೋಕನ್‌ಗಳು ಕಂಪನಿಯ ಬೀರುವಿನಲ್ಲಿವೆ. ತೆಗೆದವರು, ಇಟ್ಟವರು ಪುಸ್ತಕದಲ್ಲಿ ಸಹಿ ಹಾಕಬೇಕು. ಒಟಿಪಿ ಬರುವ ಸಿಮ್ ಕಂಪನಿ ಹೆಸರಿನದು, ಕೀಪ್ಯಾಡ್ ಫೋನಿನಲ್ಲಿ ಕಚೇರಿಯಲ್ಲೇ ಇರುತ್ತದೆ.

ಲ್ಯಾಬಿನ ವಿಷಯಕ್ಕೆ ಬರುತ್ತೇನೆ, ಹೆಚ್ಚು ಏಟು ತಿಂದದ್ದು ಇಲ್ಲೇ. ಹೊರಗಿನ ಮಾನ್ಯತೆ ಪಡೆದ ಲ್ಯಾಬಿನಲ್ಲಿ ಪೂರ್ತಿ ಪರೀಕ್ಷೆಗೆ ಸ್ಯಾಂಪಲಿಗೆ 4,500ರ ಆಸುಪಾಸು, ವರದಿಗೆ ಎಂಟು ಹತ್ತು ದಿನ. ಅಷ್ಟರಲ್ಲಿ ಆ ಬೆಲ್ಲ ಲಾರಿ ಹತ್ತಿಯಾಗಿರುತ್ತದೆ. ಹಾಗಾಗಿ ದಿನವೂ ಬೇಕಾದ ನಾಲ್ಕು ಅಳತೆ ಮಾತ್ರ ಸ್ವಂತಕ್ಕೆ ಅಂತ ತೀರ್ಮಾನಿಸಿದೆವು: ರಸದ ಬ್ರಿಕ್ಸ್ (ಕರಗಿದ ಸಕ್ಕರೆ ಮುಂತಾದ ಅಂಶದ ಅಳತೆ), ರಸದ ಪಿಎಚ್ (ಹುಳಿಯ ಅಳತೆ), ಬೆಲ್ಲದ ತೇವಾಂಶ, ಸಲ್ಫರ್ ಡೈಆಕ್ಸೈಡ್. ಒಟ್ಟು ಖರ್ಚು 1 ಲಕ್ಷ 60 ಸಾವಿರದ ಹತ್ತಿರ, ಅದರಲ್ಲಿ ತೇವಾಂಶದ ತಕ್ಕಡಿಯೇ 60,000 ಚಿಲ್ಲರೆ.

ಆ ತಕ್ಕಡಿಯೇ ನಮ್ಮನ್ನು ಆರು ತಿಂಗಳು ದಾರಿ ತಪ್ಪಿಸಿತು. ಧಾನ್ಯಕ್ಕೆ ಇಡುವಂತೆ 105 ಡಿಗ್ರಿಗೆ ಇಟ್ಟರೆ ಬೆಲ್ಲದ ತೂಕ ಇಳಿಯುತ್ತಲೇ ಹೋಗುತ್ತದೆ, ನಿಲ್ಲುವುದೇ ಇಲ್ಲ. ನೀರು ಹೋದ ಮೇಲೆ ಸಕ್ಕರೆಯೇ ಸುಟ್ಟು ಒಡೆಯಲು ಶುರುವಾಗುತ್ತದೆ, ಆ ನಷ್ಟವನ್ನೂ ಯಂತ್ರ ತೇವಾಂಶ ಅಂತಲೇ ತೋರಿಸುತ್ತದೆ. ಶೇ 6 ಇರುವ ಅಚ್ಚು ಬೆಲ್ಲ ನಮ್ಮಲ್ಲಿ ಶೇ 9 ಅಂತ ಬರುತ್ತಿತ್ತು. ಒಳ್ಳೆಯ ಪಾಕದ ಬೆಲ್ಲವನ್ನು ಹಸಿ ಅಂತ ವಾಪಸ್ ಕಳಿಸಿ ರೈತರ ಹತ್ತಿರ ಮಾತು ಕೇಳಿದೆವು. ಪಾಲುದಾರ ಲ್ಯಾಬಿನವರು ಬೆಲ್ಲಕ್ಕೆ ನಿರ್ವಾತ ಓವನ್ನಿನಲ್ಲಿ 70 ಡಿಗ್ರಿ ಇಡುತ್ತಾರೆ. ಅದರ ಬೆಲೆ ನಮ್ಮ ಕೈಗೆ ಎಟುಕದು. ಅದಕ್ಕೆ ನಾವು ತಕ್ಕಡಿಯ ಬಿಸಿಯನ್ನು 80ಕ್ಕೆ ಇಳಿಸಿ, ಬೆಲ್ಲವನ್ನು ತುರಿದು 3 ಗ್ರಾಂನಷ್ಟನ್ನು ತೊಳೆದು ಒಣಗಿಸಿದ ಮರಳಿನ ಜೊತೆ ತಟ್ಟೆಯಲ್ಲಿ ತೆಳ್ಳಗೆ ಹರಡಿ, ಎಷ್ಟು ಹೊತ್ತಿಗೆ ನಿಲ್ಲಿಸಬೇಕು ಅನ್ನುವುದನ್ನು ಅವರ ಓವನ್ನಿನ ಅಂಕಿಗೆ ಹೊಂದಿಸಿಕೊಂಡೆವು. ಒಂದೇ ಸ್ಯಾಂಪಲನ್ನು ಮೂರು ಭಾಗ ಮಾಡಿ ಒಂದನ್ನು ನಾವು ಅಳೆಯುವುದು, ಒಂದನ್ನು ಅವರಿಗೆ ನಂಬರು ಮಾತ್ರ ಬರೆದು ಕಳಿಸುವುದು, ಮೂರನೆಯದನ್ನು ಸೀಲ್ ಮಾಡಿ ಡಬ್ಬಿಯಲ್ಲಿಡುವುದು. ಇಬ್ಬರ ಅಂಕಿಯಲ್ಲಿ ಅರ್ಧ ಶೇಕಡಾಕ್ಕಿಂತ ಹೆಚ್ಚು ಅಂತರ ಬಂದರೆ ಮೂರನೇ ಡಬ್ಬಿ ಒಡೆಯಬೇಕು. ಮೊದಲ 40 ಸ್ಯಾಂಪಲ್‌ಗಳಲ್ಲಿ 17 ಒಡೆದೆವು, ಆಮೇಲಿನ 40ರಲ್ಲಿ ಮೂರು. ಈ ಎರಡನೇ ಅಂಕಿ ತೋರಿಸಿದಾಗ ಬ್ಯಾಂಕಿನವರಿಗೂ ನಂಬಿಕೆ ಬಂತು.

ಬ್ರಿಕ್ಸ್ ಸಲೀಸು, ಆದರೂ ಬಿಸಿ ರಸ ಹಾಕಿ ನೋಡಬೇಡಿ. ಕೈಯಲ್ಲಿ ಹಿಡಿಯುವ ಮಾಪಕ ತಾಪ ಸರಿಪಡಿಸಿಕೊಳ್ಳುವುದು 10ರಿಂದ 30 ಡಿಗ್ರಿಯ ಒಳಗೆ ಮಾತ್ರ. ಪಿಎಚ್ ಮೀಟರಿನ ಕಡ್ಡಿಯನ್ನು ಬಟ್ಟಿ ಇಳಿಸಿದ ನೀರಿನಲ್ಲಿ ಅದ್ದಿಟ್ಟು ಎರಡು ಕಡ್ಡಿ ಹಾಳು ಮಾಡಿಕೊಂಡೆವು, ತಲಾ 2,800. ಪೊಟ್ಯಾಸಿಯಂ ಕ್ಲೋರೈಡ್ ದ್ರಾವಣದಲ್ಲೇ ಇಡಬೇಕು.

ಸಲ್ಫರ್ ಡೈಆಕ್ಸೈಡ್ ಯಾಕೆ ಅಂದರೆ, ಬೆಲ್ಲ ಬೆಳ್ಳಗಾಗಲಿ ಅಂತ ಕೊಪ್ಪರಿಗೆಗೆ ಹೈಡ್ರೋಸ್ ಎಂಬ ಗಂಧಕದ ಬಿಳುಪು ಪುಡಿ ಹಾಕುವ ಅಭ್ಯಾಸ, ಅದರಿಂದ ಇದು ಬೆಲ್ಲದಲ್ಲಿ ಉಳಿಯುತ್ತದೆ. ಕಾನೂನಿನ ಮಿತಿ 70 ಪಿಪಿಎಂ (ಹತ್ತು ಲಕ್ಷಕ್ಕೆ 70 ಭಾಗ). 50 ಗ್ರಾಂ ಬೆಲ್ಲವನ್ನು ಆಮ್ಲದಲ್ಲಿ ಕುದಿಸಿ, ಹೊರಟ ಅನಿಲವನ್ನು ನೈಟ್ರೋಜನ್ ಜೊತೆ ಹೈಡ್ರೋಜನ್ ಪೆರಾಕ್ಸೈಡಿಗೆ ಹಾಯಿಸಿ, 0.01 ನಾರ್ಮಲ್ ಕಾಸ್ಟಿಕ್ ಸೋಡಾದಿಂದ ಅಳೆಯುವುದು. ಒಂದು ಮಿಲಿಗೆ 6.4 ಪಿಪಿಎಂ ಲೆಕ್ಕ. ಬ್ಯುರೆಟ್ (ಅಳತೆಯ ಗಾಜಿನ ಕೊಳವೆ) 11 ಮಿಲಿ ಮುಟ್ಟಿತು ಅಂದರೆ ಆ ಬೆಲ್ಲ ನಮ್ಮ ಗೋದಾಮಿಗೆ ಬರುವುದಿಲ್ಲ. ತಪ್ಪಾಗುವುದು ಎರಡು ಕಡೆ. ಪೆರಾಕ್ಸೈಡ್ ತಾನೇ ಸ್ವಲ್ಪ ಹುಳಿಯಾಗಿರುತ್ತದೆ, ಶುರು ಮಾಡುವ ಮುಂಚೆಯೇ ಅದನ್ನು ಬಣ್ಣದಿಂದ ಹುಳಿ ತೋರಿಸುವ ಮೀಥೈಲ್ ರೆಡ್ ಹಾಕಿ, ಕಾಸ್ಟಿಕ್ ಸೋಡಾದಿಂದ ಹಳದಿಗೆ ತಂದಿರಬೇಕು. ಇನ್ನೊಂದು, ಗಾಜಿನ ಕೀಲುಗಳಲ್ಲಿ ಸೋರಿಕೆ. ಸೋರಿದರೆ ಅಂಕಿ ಕಡಿಮೆ ಬರುತ್ತದೆ, ಎಲ್ಲರಿಗೂ ಖುಷಿಯಾಗುತ್ತದೆ, ಅದೇ ಅಪಾಯ. ತಿಂಗಳಿಗೊಮ್ಮೆ ಗೊತ್ತಿರುವ ಪ್ರಮಾಣದ ಸಲ್ಫೈಟ್ ಹಾಕಿ ಓಡಿಸಿ ನೋಡಿ. ನೂರಕ್ಕೆ 80ಕ್ಕಿಂತ ಕಡಿಮೆ ವಾಪಸ್ ಬಂದರೆ ಆ ವಾರದ ಫಲಿತಾಂಶ ಎಲ್ಲ ಹೊಡೆದುಹಾಕಿ.

ಹೈಡ್ರೋಸ್ ಬಿಡಿಸುವ ಗುಂಗಿನಲ್ಲಿ ಬೇರೆ ಕಡೆಗೂ ಕೈ ಹಾಕಿದೆವು. ಬೆಂಡೆ ಗಿಡದ ಲೋಳೆ ಹಾಕಿ ಮಡ್ಡಿ ತೆಗೆಯುವುದು ಹಳೆಯ ಪದ್ಧತಿ. ಸುಣ್ಣದ ತಿಳಿಯಲ್ಲಿ ರಸದ ಪಿಎಚ್ ಮೊದಲು 6ರ ಸುತ್ತ ತಂದುಕೊಂಡರೆ ಲೋಳೆ ಚೆನ್ನಾಗಿ ಹಿಡಿಯುತ್ತದೆ, ಸುಣ್ಣ ಹೆಚ್ಚಾದರೆ ಬೆಲ್ಲ ಕಪ್ಪಿಡುತ್ತದೆ. ನಮ್ಮ ಲೋಳೆಯ ಅಳತೆ ಮತ್ತು ಹಾಕುವ ಹೊತ್ತು ಕಂಪನಿಯ ಸ್ವತ್ತು. ಬೆಲ್ಲದ ಪುಡಿಗೆ ಪಾಕವನ್ನು 120 ಡಿಗ್ರಿ ದಾಟಿಸಿ ಇಳಿಸಿದೆವು, ಪುಡಿ ಚೆನ್ನಾಗಿ ಬಂತು, ಆಷಾಢದ ಗಾಳಿಗೆ ಚೀಲದಲ್ಲೇ ಗಟ್ಟಿಯಾಯಿತು. ತೇವಾಂಶ ಶೇ 2ರ ಒಳಗೆ ಬರದೆ ಪ್ಯಾಕ್ ಮಾಡಬಾರದು ಅಂತ ಕಲಿಯಲು ನಾಲ್ಕು ಕ್ವಿಂಟಾಲ್ ಹೋಯಿತು. ಪ್ಯಾಕ್ ಮಾಡಿ ಲೇಬಲ್ ಹಚ್ಚಿದರೆ 2022ರ ಜುಲೈನಿಂದ ಶೇ 5 ಜಿಎಸ್‌ಟಿ ಇದೆ ಅನ್ನುವುದನ್ನು ಮರೆತು ದರ ಹಾಕಿ, ಆ ತೆರಿಗೆಯನ್ನೂ ಒಂದು ಸಲ ಕೈಯಿಂದ ಕಟ್ಟಿದೆವು. ಕಬ್ಬಿನ ತಳಿಗಳಾದ ಮಂಡ್ಯದ ವಿ.ಸಿ. ಫಾರ್ಮ್‌ನ ವಿಸಿಎಫ್ 0517 ಮತ್ತು ಹಳೆಯ ಕೋ 62175 ಎರಡನ್ನೂ ಒಂದೇ ಕೊಪ್ಪರಿಗೆಯಲ್ಲಿ ಸರದಿಯ ಮೇಲೆ ಬೇಯಿಸಿ ನೋಡುವ ಪ್ರಯೋಗ ಇನ್ನೂ ನಡೆಯುತ್ತಿದೆ.

ಪಾಲುದಾರಿಕೆ ಅಂದರೆ ದೂರದ ದೇಶದ ಮಾತು ಅನ್ನುವವರು ಮೈಸೂರಿನ ಚೆಲುವಾಂಬ ಮ್ಯಾನ್ಷನ್ ಕಡೆ ನೋಡಬೇಕು. ಅಲ್ಲಿ 1950ರಲ್ಲಿ ಶುರುವಾದ ಕೇಂದ್ರ ಆಹಾರ ತಂತ್ರಜ್ಞಾನ ಸಂಶೋಧನಾ ಸಂಸ್ಥೆ (ಸಿಎಫ್‌ಟಿಆರ್‌ಐ), ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಜೊತೆಗೂಡಿ 1960ರ ದಶಕದಲ್ಲಿ ಅಂತರರಾಷ್ಟ್ರೀಯ ತರಬೇತಿ ಕೇಂದ್ರ ಕಟ್ಟಿತು. ಏಷ್ಯಾ, ಆಫ್ರಿಕಾದ ದೇಶಗಳವರು ಇಲ್ಲಿ ಬಂದು ಕಲಿತು ಹೋದರು. ಎಮ್ಮೆ ಹಾಲಿನಿಂದ ಮಕ್ಕಳ ಆಹಾರ ಮಾಡುವ ವಿಧಾನವನ್ನು ಮೈಸೂರಿನ ಇದೇ ಲ್ಯಾಬು ಕಂಡುಹಿಡಿಯಿತು, ತಯಾರಿಸಿ ಮಾರಿದ್ದು ಗುಜರಾತಿನ ಖೇಡಾದ ಹಾಲು ಒಕ್ಕೂಟ. ಲ್ಯಾಬು ವಿಧಾನ ಕೊಟ್ಟಿತು, ಒಕ್ಕೂಟ ತನ್ನ ಡೇರಿಯಲ್ಲಿ ತನ್ನ ಜನರಿಂದಲೇ ಅದನ್ನು ಓಡಿಸಿತು. ನಮ್ಮ ಒಂದು ಪುಟದ ಒಪ್ಪಂದ ಕೇಳುವುದೂ ಅಷ್ಟನ್ನೇ.

ಈಗ ತಿಂಗಳ ಲ್ಯಾಬು ಖರ್ಚು ರಾಸಾಯನಿಕ, ನೈಟ್ರೋಜನ್ ಸಿಲಿಂಡರ್, ಕರೆಂಟು ಸೇರಿ 7,000ದ ಹತ್ತಿರ. ಹೊರಗಿನ ಆಲೆಮನೆಯವರಿಗೆ ತೇವಾಂಶಕ್ಕೆ 100, ಸಲ್ಫರಿಗೆ 350 ತೆಗೆದುಕೊಳ್ಳುತ್ತೇವೆ. ಹಂಗಾಮಿನಲ್ಲಿ ಖರ್ಚಿನಷ್ಟು ದುಡ್ಡು ಹುಟ್ಟುತ್ತದೆ, ಉಳಿದ ತಿಂಗಳು ಕಲಿಕೆ ನಿಧಿಯಿಂದ ತುಂಬಬೇಕು. ಮೂರು ಡಬ್ಬಿಯ ಪರೀಕ್ಷೆ ಎರಡು ತಿಂಗಳಿಗೊಮ್ಮೆ ಮುಂದುವರಿದಿದೆ, ಅದಕ್ಕೆ ಪಾಲುದಾರ ಲ್ಯಾಬಿಗೆ ಶುಲ್ಕ ಕಟ್ಟುತ್ತೇವೆ. ಕಲಿತ ಇಬ್ಬರಲ್ಲಿ ಒಬ್ಬ ಹೆಣ್ಣುಮಗಳು ಮದುವೆಯಾಗಿ ಮದ್ದೂರಿಗೆ ಹೋದಳು. ಅವಳ ಕೈಬರಹದ ಪುಸ್ತಕ ನೋಡಿಕೊಂಡು ಮೂರನೆಯವನು ಈಗ ಎರಡನೇ ಸುತ್ತಿನಲ್ಲಿದ್ದಾನೆ, ಕಲಿಸುತ್ತಿರುವವನು ನಮ್ಮ ಉಳಿದೊಬ್ಬ ಹುಡುಗ.